ಒಲೆನಾಡಿನ ಸೊಪ್ಪಿನ ಪೆಟ್ಟಿಗೆ

"ಕಾಕಾ, ಅದರ ರುಚಿ ಹೆಂಗಿರ್ತೈತಿ?"

ಅಣ್ಣನ ಮಗಳು ಕೇಳಿದ ಈ ಒಂದು ಪ್ರಶ್ನೆಯಿಂದ ನಾಲ್ಕು ತಿಂಗಳ ಕೆಲಸ ಹುಟ್ಟಿತು.

ವಿಜಯಪುರದ ನಮ್ಮ ಮನೆ ಪಡಸಾಲೆಯಲ್ಲಿ ಪ್ರತಿ ಭಾನುವಾರ ಸಂಜೆ ಓಣಿಯ ಐದು ಮಕ್ಕಳು ಸೇರುತ್ತಾರೆ. ಕತೆಯಾಟ ಆಡುತ್ತೇವೆ. ಕತೆ ಹೇಳುವವನು ನಾನು, ಕತೆಯೊಳಗಿನ ಅಡುಗೆಯವರು ಮಕ್ಕಳು. ನಾವೇ ಕಟ್ಟಿಕೊಂಡ ಆ ಲೋಕದ ಹೆಸರು ಒಲೆನಾಡು. ಅಲ್ಲಿ ಮಂತ್ರ ಇಲ್ಲ, ಮಂತ್ರವಾದಿಗಳೂ ಇಲ್ಲ. ಮಾಯೆ ಇರುವುದೆಲ್ಲ ಸೊಪ್ಪು, ಬೇರು, ಕಾಳುಗಳಲ್ಲಿ. ಆದರೆ ಅದು ಮಲಗಿರುತ್ತದೆ. ಅಡುಗೆ ಮಾಡುವವರು ಎಬ್ಬಿಸಬೇಕು. ಒಂದು ಸೊಪ್ಪು ಹುಳಿಗೆ ಏಳುತ್ತದೆ, ಇನ್ನೊಂದು ಎಣ್ಣೆಗೆ, ಮತ್ತೊಂದು ನಾಲಿಗೆ ಮುಟ್ಟಿದಾಗ ಮಾತ್ರ. ಎಬ್ಬಿಸಿದವರು ಆಮೇಲೆ ಸೊಪ್ಪಿನ ಋಣ ತೀರಿಸಲೇಬೇಕು. ಪುಕ್ಕಟೆ ಮಾಯೆ ಒಲೆನಾಡಿನಲ್ಲಿ ಯಾರಿಗೂ ಸಿಗುವುದಿಲ್ಲ.

ಆ ಭಾನುವಾರ ಕತೆಯಲ್ಲಿ ಒಬ್ಬ ಹುಡುಗ ಒಂದು ಎಲೆ ಅಗಿದು ಕೋಟೆ ಗೋಡೆ ಹಾರಿದ. ಉಳಿದವರು ಚಪ್ಪಾಳೆ ತಟ್ಟಿದರು. ಅವಳೊಬ್ಬಳು ರುಚಿ ಕೇಳಿದಳು. ನನ್ನ ಹತ್ತಿರ ಉತ್ತರ ಇರಲಿಲ್ಲ. ಅಡುಗೆಯವರ ಕತೆ ಹೇಳುತ್ತಾ ರುಚಿ ಗೊತ್ತಿಲ್ಲ ಅಂದರೆ ಹೇಗೆ? ಅವತ್ತೇ ರಾತ್ರಿ ನೋಟ್‌ಬುಕ್ಕಿನಲ್ಲಿದ್ದ ಮೂವತ್ತು ಸೊಪ್ಪುಗಳಲ್ಲಿ ಇಪ್ಪತ್ತನಾಲ್ಕನ್ನು ಹೊಡೆದುಹಾಕಿದೆ. ಹೊಸ ನಿಯಮ ಬರೆದೆ. ಒಲೆನಾಡಿನ ಸೊಪ್ಪು ಯಾವುದೇ ಇರಲಿ, ಅದರ ಮಾಯೆಯ ಒಂದು ತುಂಡು ಈ ಪಡಸಾಲೆಯಲ್ಲೇ ನಡೆಯಬೇಕು, ಮಕ್ಕಳ ಕಣ್ಣೆದುರಿಗೆ ಇಲ್ಲವೇ ನಾಲಿಗೆ ಮೇಲೆ. ಉಳಿದದ್ದನ್ನು ಕತೆ ನೋಡಿಕೊಳ್ಳುತ್ತದೆ. ಹಾರಿಸುವ ಎಲೆ ಹೋಯಿತು. ಹುಡುಗನಿಗೆ ಬೇಜಾರಾಯಿತು, ಆದರೆ ಒಪ್ಪಿಕೊಂಡ.

ಉಳಿದವು ಆರು. ಮಾತುಬದಲಿ, ಸಿಹಿಗಳ್ಳಿ, ಮಿಂಚುಕಾಳು, ಗುಮ್ಮಟಸೊಪ್ಪು, ನಾಚಿಗಡ್ಡೆ, ಇಬ್ಬನಿಹುಳಿ. ಇವುಗಳನ್ನು ಇಡಲು ಒಂದು ಪೆಟ್ಟಿಗೆ ಬೇಕಿತ್ತು.

ಪೆಟ್ಟಿಗೆ

ಹಳೇ ಸಾಗವಾನಿ ಕಿಟಕಿಯ ಪಟ್ಟಿಗಳು ಮನೆ ಅಟ್ಟದ ಮೇಲಿದ್ದವು. ಅಜ್ಜನ ಕಾಲದವು. ಸುತ್ತಲಿನ ಚೌಕಟ್ಟಿಗೆ ಅವೇ ಸಾಕಾದವು. ಒಳಗೆ ಹನ್ನೆರಡು ಖಾನೆ, ಒಂದೊಂದೂ 6.5 ಸೆಂಟಿಮೀಟರ್ ಚೌಕ. ಖಾನೆ ಮಾಡಲು 6 ಮಿಲಿಮೀಟರ್ ಪ್ಲೈವುಡ್. ಹಾಗಾಗಿ ಒಳ ಅಳತೆ 27.8 ಮತ್ತು 20.7 ಸೆಂಟಿಮೀಟರ್ ಬಂತು. ಉದ್ದದ ಪಟ್ಟಿ ಎರಡು, ಅಡ್ಡದ ಪಟ್ಟಿ ಮೂರು. ಪಟ್ಟಿಗಳ ಎತ್ತರ 7 ಸೆಂಟಿಮೀಟರ್. ಒಂದು ಇನ್ನೊಂದನ್ನು ದಾಟುವ ಕಡೆಯಲ್ಲೆಲ್ಲ ಮೂರೂವರೆ ಸೆಂಟಿಮೀಟರ್ ಆಳಕ್ಕೆ ಸೀಳು ಕೊಯ್ಯಬೇಕು. ಉದ್ದದ್ದಕ್ಕೆ ಮೇಲಿಂದ, ಅಡ್ಡದ್ದಕ್ಕೆ ಕೆಳಗಿಂದ. ಒಟ್ಟು ಹನ್ನೆರಡು ಕೊಯ್ತ. ಆಮೇಲೆ ಒಂದರೊಳಗೆ ಒಂದು ಕೂರಿಸಿದರೆ ಮೊಳೆಯೇ ಬೇಡ.

ಕೂರಿಸಿ ನೋಡಿದರೆ ಎಲ್ಲಾ ಗಡಗಡ ಅಲುಗಾಡಿತು. ಅಂಗಡಿಯಲ್ಲಿ 6 ಮಿಲಿಮೀಟರ್ ಅಂತ ಕೊಟ್ಟ ಪ್ಲೈ ಅಳೆದು ನೋಡಿದರೆ ಐದೂವರೆಗಿಂತ ಸ್ವಲ್ಪ ಕಡಿಮೆ ಇತ್ತು. ನಾನು ಮೊದಲೇ ಅಳೆಯಬೇಕಿತ್ತು. ಓಣಿಯ ಬಡಿಗೇರ ಅಜ್ಜನ ಹತ್ತಿರ ಒಯ್ದೆ. ಅವರು ಪಟ್ಟಿಯನ್ನು ಕಿವಿ ಹತ್ತಿರ ಅಲುಗಿಸಿದರು. "ಹೊಸಾದ ಕೊಯ್ಯಬ್ಯಾಡ. ಗರಗಸದ ಹೊಟ್ಟು ಐತಲ್ಲ, ಫೆವಿಕಾಲ್‌ನ್ಯಾಗ ಕಲಸಿ ತುಂಬು. ಹಿಟ್ಟಿನ ಹದ ಬರಬೇಕ ನೋಡು, ಪಲ್ಯೆದ್ದಲ್ಲ" ಅಂದರು. ಹಾಗೇ ಮಾಡಿದೆ. ಜೋಳದ ಹಿಟ್ಟು ನಾದಿದಷ್ಟು ಗಟ್ಟಿ ಕಲಸಿ, ಹಳೇ ಚಾಕುವಿನಿಂದ ಸೀಳಿನೊಳಗೆ ಒತ್ತಿ, ಒಂದು ರಾತ್ರಿ ಬಿಟ್ಟು ಉಜ್ಜಿದೆ. ಈಗ ಪೆಟ್ಟಿಗೆ ತಲೆಕೆಳಗು ಮಾಡಿದರೂ ಒಂದು ಪಟ್ಟಿಯೂ ಜಾರುವುದಿಲ್ಲ.

ನಂತರ ದೊಡ್ಡ ತಪ್ಪಾಯಿತು. ಚಂದ ಕಾಣಲಿ ಅಂತ ಒಳಗೂ ಹೊರಗೂ ವಾರ್ನಿಶ್ ಹೊಡೆದೆ. ನಾಲ್ಕು ದಿನ ಬಿಸಿಲಿಗಿಟ್ಟೆ. ಒಣಗಿತು ಅನ್ನಿಸಿ ಕಲ್ಲುಹೂವು, ಒಣ ಶಂಖಪುಷ್ಪ ಹಾಕಿ ಮುಚ್ಚಿದೆ. ಮೂರನೇ ದಿನ ತೆಗೆದರೆ ಹೂವಿಗೂ ವಾರ್ನಿಶ್ ವಾಸನೆ, ಕಲ್ಲುಹೂವಿಗೂ ವಾರ್ನಿಶ್ ವಾಸನೆ. ಬಾಯಿಗೆ ಹಾಕುವ ಪದಾರ್ಥ, ಅದೂ ಮಕ್ಕಳ ಬಾಯಿಗೆ. ಅಷ್ಟನ್ನೂ ತಿಪ್ಪೆಗೆ ಸುರಿದೆ. ಆ ಹೂಗಳನ್ನು ಒಂದೊಂದಾಗಿ ಎರಡು ವಾರ ಆರಿಸಿದ್ದೆ. ತುಂಬಾ ಸಂಕಟ ಆಯಿತು.

ಒಳಗಿನ ವಾರ್ನಿಶ್ ಪೂರ್ತಿ ಉಜ್ಜಿ ತೆಗೆಯಲು ಮೂರು ಸಂಜೆ ಹಿಡಿಯಿತು. ಖಾನೆಯ ಮೂಲೆಗೆ ಸ್ಯಾಂಡ್‌ಪೇಪರ್ ಹೋಗುವುದಿಲ್ಲ. ಐಸ್‌ಕ್ರೀಮ್ ಕಡ್ಡಿಗೆ ಅಂಟಿಸಿಕೊಂಡು ಉಜ್ಜಬೇಕು. ಈ ಸಲ ಗಾಣದ ಅಗಸೆ ಎಣ್ಣೆ ತಂದೆ. ನಮ್ಮ ಕಡೆ ಅಗಸೆ ಚಟ್ನಿ ಇಲ್ಲದ ಮನೆ ಇಲ್ಲ. ಅದೇ ಅಗಸೆಯ ಎಣ್ಣೆಗೆ ಗಾಳಿ ತಾಗಿದರೆ ನಿಧಾನಕ್ಕೆ ಗಟ್ಟಿಯಾಗಿ ಮರದೊಳಗೇ ಕೂರುವ ಗುಣ ಇದೆ. ಶೇಂಗಾ ಎಣ್ಣೆ ಹೀಗೆ ಒಣಗುವುದಿಲ್ಲ, ಅಂಟಂಟಾಗಿ ಉಳಿದು ಆಮೇಲೆ ಕಮಟು ಹಿಡಿಯುತ್ತದೆ. ಅಗಸೆ ಎಣ್ಣೆಯನ್ನು ಬಟ್ಟೆಯಿಂದ ತೆಳ್ಳಗೆ ಸವರಿ, ಹದಿನೈದು ನಿಮಿಷ ಬಿಟ್ಟು, ಮೇಲೆ ಉಳಿದಿದ್ದನ್ನು ಒರೆಸಿದೆ. ಹೀಗೆ ಮೂರು ಸಲ, ನಡುವೆ ಐದೈದು ದಿನ ಬಿಡುವು. ಇಲ್ಲಿ ಒಂದು ಮಾತು ಗಟ್ಟಿಯಾಗಿ ಹೇಳಬೇಕು. ಒರೆಸಿದ ಬಟ್ಟೆಯನ್ನು ಮುದ್ದೆ ಮಾಡಿ ಮೂಲೆಗೆ ಎಸೆಯಬೇಡಿ. ಅಗಸೆ ಎಣ್ಣೆ ಗಟ್ಟಿಯಾಗುವಾಗ ಬಿಸಿ ಹುಟ್ಟುತ್ತದೆ. ಮುದ್ದೆಯೊಳಗೆ ಆ ಬಿಸಿ ಕೂಡಿಕೊಂಡು ತಾನಾಗೇ ಬೆಂಕಿ ಹತ್ತಬಹುದು. ಬಟ್ಟೆಯನ್ನು ಹರವಿ ಒಣಗಿಸಿ, ಇಲ್ಲವೇ ನೀರಲ್ಲಿ ಮುಳುಗಿಸಿಡಿ.

ಸೊಪ್ಪನ್ನು ನೇರವಾಗಿ ಖಾನೆಗೆ ಹಾಕುವುದನ್ನೂ ಬಿಟ್ಟೆ. ಬೂಚಿನ ಗಾಜಿನ ಬಾಟಲಿಗಳು ಬಂದವು. ಮುಚ್ಚಳಕ್ಕೆ 3 ಮಿಲಿಮೀಟರ್ ಗಾಜು, ಹಿಂದೆ ಹಿತ್ತಾಳೆಯ ಎರಡು ಬಿಜಾಗರಿ. ಪೆಟ್ಟಿಗೆಯ ಮಾತು ಇಷ್ಟು ಸಾಕು.

ಮಾತುಬದಲಿ

ಕತೆಯಲ್ಲಿ ಮಾತುಬದಲಿ ಕೋಟೆಯ ಗೋಡೆಗೆ ಹಬ್ಬುವ ನೀಲಿ ಬಳ್ಳಿ. ಅದರ ಹೂವಿನ ಪಾನಕ ಕುಡಿದವರು ಆಡಿದ ಒಂದು ಮಾತನ್ನು ವಾಪಸ್ ತೆಗೆದುಕೊಳ್ಳಬಹುದು. ಕೇಳಿದವರ ಕಿವಿಯಿಂದಲೇ ಅದು ಅಳಿಸಿಹೋಗುತ್ತದೆ. ಋಣ ಏನು ಅಂದರೆ, ಕುಡಿದವರು ತಮಗೆ ಇಷ್ಟವಾದ ಇನ್ನೊಂದು ಮಾತನ್ನು ಮರುದಿನ ಬೆಳಗಿನವರೆಗೆ ಮರೆಯುತ್ತಾರೆ. ಒಮ್ಮೆ ಒಬ್ಬ ಹುಡುಗ 'ಅವ್ವ' ಅನ್ನುವ ಮಾತು ಮರೆತ. ಆ ಸಂಜೆ ಆಟ ಎಷ್ಟು ಗಂಭೀರವಾಯಿತೆಂದರೆ ನಾನೇ ಬೇಗ ಬೆಳಗು ಮಾಡಿಸಿದೆ.

ಪಡಸಾಲೆಯಲ್ಲಿ ಇದು ಶಂಖಪುಷ್ಪ. ಮನೆ ಕಾಂಪೌಂಡಿಗೆ ಹಬ್ಬಿಸಿದ್ದೇ ಇತ್ತು. ಹೂವನ್ನು ಬಿಸಿನೀರಲ್ಲಿ ಹಾಕಿದರೆ ಕಡುನೀಲಿ ಇಳಿಯುತ್ತದೆ. ಹುಳಿ ಬಿದ್ದ ಕೂಡಲೇ ನೇರಳೆಗೆ ತಿರುಗುತ್ತದೆ. ಎಸಳಿನಲ್ಲಿರುವ ಆಂಥೋಸಯನಿನ್ ಅನ್ನುವ ಬಣ್ಣ ಹುಳಿಗೂ ಕ್ಷಾರಕ್ಕೂ ಬೇರೆ ಬೇರೆ ರೂಪ ತಾಳುತ್ತದೆ. ಮಲೇಷ್ಯಾದಲ್ಲಿ ಇದೇ ಹೂವಿನಿಂದ ಅನ್ನಕ್ಕೆ ನೀಲಿ ಕಟ್ಟುತ್ತಾರೆ.

ಎರಡು ಪಾಠ ಇಲ್ಲಿ ಕಲಿತೆ. ಮೊದಲನೆಯದು ಒಣಗಿಸುವುದು. ನಮ್ಮ ಊರಿನ ಬಿಸಿಲಲ್ಲಿ ಹಪ್ಪಳ ಒಂದೇ ದಿನಕ್ಕೆ ಒಣಗುತ್ತದೆ, ಹೂವೂ ಒಣಗಲಿ ಅಂತ ಮಾಳಿಗೆ ಮೇಲೆ ಹರವಿದ್ದೆ. ಸಂಜೆಗೆ ಎಸಳಿನ ಬಣ್ಣ ಹಾರಿ ಬೂದಿಯಾಗಿತ್ತು. ಬೆಳಕು ಈ ಬಣ್ಣವನ್ನು ತಿಂದುಹಾಕುತ್ತದೆ. ಈಗ ಜರಡಿ ಮೇಲೆ ಹರವಿ, ಮೇಲೊಂದು ತೆಳು ಬಟ್ಟೆ ಮುಚ್ಚಿ, ಫ್ಯಾನ್ ಕೆಳಗೆ ಎರಡು ದಿನ ಇಡುತ್ತೇನೆ. ಕೈಯಲ್ಲಿ ಹಿಸುಕಿದರೆ ಪುಡಿಯಾಗಬೇಕು. ಮೆತ್ತಗಿದ್ದರೆ ಬಾಟಲಿಯಲ್ಲಿ ಬೂಸ್ಟು ಹಿಡಿಯುತ್ತದೆ.

ಎರಡನೆಯದು ನೀರು. ಮಕ್ಕಳನ್ನು ಕೂರಿಸಿ ಮೊದಲ ಸಲ ತೋರಿಸಿದಾಗ ಬೋರ್‌ವೆಲ್ ನೀರು ಕಾಯಿಸಿದ್ದೆ. ಬಣ್ಣ ಅಚ್ಚ ನೀಲಿ ಬರಲಿಲ್ಲ, ಹಸಿರು ಹೊಡೆಯುತ್ತಿತ್ತು. ನಿಂಬೆರಸ ನಾಲ್ಕು ಹನಿ ಹಾಕಿದೆ. ಏನೂ ಆಗಲಿಲ್ಲ. ಹತ್ತು ಹನಿ ಹಾಕಿದೆ, ಆಗಲೂ ಇಲ್ಲ. ಐದು ಜೋಡಿ ಕಣ್ಣು ಬಟ್ಟಲು ನೋಡುತ್ತಿವೆ! ಅರ್ಧ ಹಣ್ಣು ಹಿಂಡಿದ ಮೇಲೆ ಸ್ವಲ್ಪ ನೇರಳೆ ಬಂತು. ಅಷ್ಟೊತ್ತಿಗೆ ಮಾಯೆ ಸತ್ತಿತ್ತು. ಬೋರ್ ನೀರಿನಲ್ಲಿ ಕರಗಿರುವ ಸುಣ್ಣದ ಅಂಶ ಹುಳಿಯನ್ನು ಮೊದಲು ತಾನು ನುಂಗಿಬಿಡುತ್ತದೆ. ಆಮೇಲೆ ಉಳಿದ ಹುಳಿ ಹೂವಿಗೆ. ಕೊಡದ ತಳಕ್ಕೆ ಬಿಳಿ ಕಟ್ಟುವ ನೀರಿರುವ ಮನೆಯವರು ಇದನ್ನು ನೆನಪಿಡಿ. ಫಿಲ್ಟರ್ ನೀರು ಬಳಸಿದೆ, 100 ಮಿಲಿಲೀಟರಿಗೆ ಎಂಟು ಹೂವು. ಅದೇ ನಾಲ್ಕು ಹನಿಗೆ ಬಟ್ಟಲು ಒಂದೇ ಉಸಿರಿಗೆ ತಿರುಗಿತು.

ಈ ಸೋಲನ್ನು ಕತೆಗೂ ಸೇರಿಸಿದೆ. ಒಲೆನಾಡಿನ ದಕ್ಷಿಣದ ಬಾವಿಗಳಲ್ಲಿ ಮಾತುಬದಲಿ ಏಳುವುದಿಲ್ಲ. ಅಲ್ಲಿನ ಜನ ಹಾಗಾಗಿ ಅಳೆದು ತೂಗಿ ಮಾತಾಡುತ್ತಾರೆ.

ಇಬ್ಬನಿಹುಳಿ

ಈ ಇಡೀ ಕೆಲಸದಲ್ಲಿ ನನಗೆ ಜಾಸ್ತಿ ಪ್ರೀತಿ ಇದರ ಮೇಲೆ.

ಮಾತುಬದಲಿಯನ್ನು ನಿಂಬೆಹಣ್ಣಿನಿಂದ ಎಬ್ಬಿಸುವುದು ನನಗೆ ಸಪ್ಪೆ ಅನ್ನಿಸುತ್ತಿತ್ತು. ನಿಂಬೆ ಎಲ್ಲರ ಮನೆಯಲ್ಲೂ ಇದೆ, ಅದರಲ್ಲಿ ಕತೆ ಇಲ್ಲ. ಅವ್ವನ ಮುಂದೆ ಹೀಗೆ ಅಂದಾಗ ಅವಳು ಕಡಲೆ ಹುಳಿಯ ಸುದ್ದಿ ತೆಗೆದಳು. ಹಿಂದೆ ಹೊಟ್ಟೆನೋವಿಗೆ ಮನೆಯಲ್ಲಿ ಇದರ ಹನಿ ಕೊಡುತ್ತಿದ್ದರಂತೆ. ಕಡಲೆ ಗಿಡದ ಎಲೆ ಕಾಂಡಗಳ ಮೇಲೆ ಸಣ್ಣ ಸಣ್ಣ ರೋಮ ಇರುತ್ತದೆ. ಆ ರೋಮದ ತುದಿಯಿಂದ ಗಿಡ ಹುಳಿ ಒಸರುತ್ತದೆ. ಮ್ಯಾಲಿಕ್ ಆಮ್ಲ ಮತ್ತು ಆಕ್ಸಾಲಿಕ್ ಆಮ್ಲ ಅದರಲ್ಲಿ ಮುಖ್ಯ. ಕಡಲೆ ಹೊಲದಲ್ಲಿ ಬರಿಗಾಲಲ್ಲಿ ಓಡಾಡಿದವರಿಗೆ ಕಣಕಾಲು ಚುರುಗುಟ್ಟುವುದು ಗೊತ್ತು. ಅದು ಇದೇ ಹುಳಿ.

ಸೋದರಮಾವನ ಹೊಲ ಡೋಣಿ ಹೊಳೆ ಸಾಲಿನ ಎರೆಭೂಮಿ. ಡೋಣಿ ಹರಿದರೆ ಓಣಿಯೆಲ್ಲ ಕಾಳು ಅನ್ನುವ ಮಾತು ಹುಟ್ಟಿದ ನೆಲ. ಎಳ್ಳಮಾವಾಸ್ಯೆಗೆ ಚರಗ ಚೆಲ್ಲಲು, ಅಂದರೆ ಹೊಲಕ್ಕೆ ಎಡೆ ಕೊಡಲು, ಹೋಗುವುದಿತ್ತು. ಎರಡು ದಿನ ಮೊದಲೇ ಹೋದೆ. ಮಾವನಿಗೆ ಮೊದಲು ಕೇಳಿದ್ದು ಔಷಧದ ವಿಷಯ. ಕಾಯಿಕೊರಕ ಹುಳಕ್ಕೆ ಕಡಲೆಗೆ ಔಷಧ ಹೊಡೆಯುತ್ತಾರೆ. ಹೊಡೆದ ಹೊಲದ ಇಬ್ಬನಿ ಬಾಯಿಗೆ ಹಾಕಲೇಬಾರದು. ಮಾವ ಮನೆ ಮಟ್ಟಿಗೆ ಅಂತ ಬದುವಿನ ಪಕ್ಕ ಆರು ಸಾಲು ಹೊಡೆಯದೇ ಬಿಟ್ಟಿದ್ದರು. "ಅಲ್ಲೇ ಹಾಸ್ಕೋ. ಮನಿ ಮಂದಿ ಸುಲಗಾಯಿ ತಿನ್ನೂದು ಅಲ್ಲೇ" ಅಂದರು.

ಹಳೇ ಧೋತರ ಒಂದನ್ನು ಸಾಬೂನಿಲ್ಲದೆ ಮೂರು ಸಲ ಕುದಿಸಿ ಒಗೆದಿದ್ದೆ. ಸಾಬೂನಿನ ಅಂಶ ಉಳಿದರೆ ಅದೇ ಹುಳಿಯನ್ನು ಕೊಲ್ಲುತ್ತದೆ. ರಾತ್ರಿ ಹತ್ತಕ್ಕೆ ಸಾಲಿನ ಮೇಲೆ ಧೋತರ ಹಾಸಿದೆವು. ಕಟ್ಟಿಗೆಯಿಂದ ಮೆತ್ತಗೆ ಒತ್ತಿ ಎಲೆಗೆ ತಾಗುವ ಹಾಗೆ ಮಾಡಿದೆವು. ಬೆಳಗಿನ ಐದೂವರೆಗೆ ಎದ್ದೆ. ಕತ್ತಲು ಇನ್ನೂ ಇತ್ತು. ಬಟ್ಟೆ ಕೈಗೆ ತಣ್ಣಗೆ, ಭಾರ ಭಾರ. ಅದರ ಮೇಲೆ ಎಲೆಗಳ ಅಚ್ಚು ಬಿದ್ದಿತ್ತು, ಸಾಲು ಸಾಲಾಗಿ ಸಣ್ಣ ಹಸಿರು ಗೆರೆಗಳು. ಅಣ್ಣನ ಮಗಳು ಒಂದು ತುದಿ ಹಿಡಿದಳು, ನಾನು ಒಂದು ತುದಿ. ತಿರುವಿ ಹಿಂಡಿದೆವು. ಮೊದಲು ಏನೂ ಇಳಿಯಲಿಲ್ಲ. ಇನ್ನೊಂದು ಸುತ್ತು ತಿರುವಿದಾಗ ಬಟ್ಟೆಯ ನಡುವಿನಿಂದ ಒಂದು ದಾರದ ಹಾಗೆ ಗಾಜಿನ ಬಟ್ಟಲಿಗೆ ಇಳಿಯಿತು. ಬಣ್ಣ ತೆಳು ಹೊಂಬಣ್ಣ. ಅವಳು ಬೆರಳದ್ದಿ ನೆಕ್ಕಿದಳು. ಕಣ್ಣು ಮುಚ್ಚಿ, ಹೆಗಲು ಕಿವಿವರೆಗೆ ಏರಿತು.

"ಹುಣಸಿಹಣ್ಣಲ್ಲ, ನಿಂಬಿಹಣ್ಣಲ್ಲ. ಇದು ಚಳೀ ರುಚಿ ಕಾಕಾ."

ಚಳಿಯ ರುಚಿ. ಆ ಮಾತನ್ನು ಹಾಗೇ ಬಾಟಲಿಯ ಚೀಟಿ ಮೇಲೆ ಬರೆದಿದ್ದೇನೆ. ನನ್ನ ನೋಟ್‌ಬುಕ್ಕಿನಲ್ಲಿ ಇಬ್ಬನಿಹುಳಿಯ ಬಗ್ಗೆ ಎರಡು ಪುಟ ಇತ್ತು. ಅದನ್ನು ಹರಿದು ಈ ಒಂದು ಸಾಲು ಇಟ್ಟುಕೊಂಡೆ.

ಮೂರು ಬೆಳಗಿಗೆ ಅರ್ಧ ಲೋಟಕ್ಕಿಂತ ಸ್ವಲ್ಪ ಜಾಸ್ತಿ ಸಿಕ್ಕಿತು. ಕಬ್ಬಿಣ, ಅಲ್ಯೂಮಿನಿಯಂ ಪಾತ್ರೆ ಬೇಡ, ಹುಳಿ ಅದನ್ನು ತಿನ್ನುತ್ತದೆ. ಗಾಜೇ ಒಳ್ಳೆಯದು. ಎರಡು ಮಡಿಕೆ ಬಟ್ಟೆಯಲ್ಲಿ ಸೋಸಿ, ಫ್ರಿಜ್‌ನಲ್ಲಿಟ್ಟಿದ್ದೇನೆ. ಆಕ್ಸಾಲಿಕ್ ಆಮ್ಲ ಇರುವುದರಿಂದ ಹನಿ ಲೆಕ್ಕದಲ್ಲೇ ಬಳಸಬೇಕು, ಕಿಡ್ನಿ ಕಲ್ಲಿನ ತೊಂದರೆ ಇರುವವರಿಗೆ ಬೇಡವೇ ಬೇಡ. ಶಂಖಪುಷ್ಪದ ನೀಲಿ ಬಟ್ಟಲಿಗೆ ಒಂಬತ್ತನೇ ಹನಿ ಬಿದ್ದಾಗ ನೇರಳೆ ಬಂತು. ನಿಂಬೆಗಿಂತ ನಿಧಾನ. ಆದರೆ ಆ ನಿಧಾನವೇ ಚಂದ. ಬಣ್ಣ ಅಂಚಿನಿಂದ ಒಳಗೆ ಹೊಗೆಯ ಹಾಗೆ ಸರಿಯುವುದನ್ನು ಕಾಣಬಹುದು.

ಈಗ ಒಲೆನಾಡಿನಲ್ಲಿ ಇಬ್ಬನಿಹುಳಿ ಎಲ್ಲ ಮಾಯೆಯ ಬೀಗದ ಕೈ. ಅದನ್ನು ಇಬ್ಬರು ಸೇರಿಯೇ ಹಿಂಡಬೇಕು, ಒಬ್ಬರ ಕೈಗೆ ಇಳಿಯುವುದಿಲ್ಲ. ಜಗಳವಾಡಿಕೊಂಡ ಇಬ್ಬರು ಹಿಂಡಿದರೆ ಬರೀ ನೀರು ಬರುತ್ತದೆ. ಈ ನಿಯಮ ಬಂದ ಮೇಲೆ ಮಕ್ಕಳು ಆಟದ ನಡುವೆ ತಾವೇ ರಾಜಿ ಮಾಡಿಕೊಳ್ಳುತ್ತಾರೆ.

ಸಿಹಿಗಳ್ಳಿ

ಇದು ಮಧುನಾಶಿನಿ. ಬೆಳಗಾವಿಯ ಒಂದು ನರ್ಸರಿಯಿಂದ ಬಳ್ಳಿ ತಂದೆ. ನಮ್ಮ ಎರೆಮಣ್ಣಿನಲ್ಲೇ ನೆಟ್ಟೆ, ಹದಿನೈದು ದಿನಕ್ಕೆ ಎಲೆ ಹಳದಿಯಾಯಿತು. ಎರೆಮಣ್ಣು ನೀರು ಹಿಡಿದರೆ ಬಿಡುವುದಿಲ್ಲ, ಒಣಗಿದರೆ ಬಿರುಕು ಬಿಟ್ಟು ಬೇರು ಹರಿಯುತ್ತದೆ. ಕುಂಡ ಬದಲಿಸಿದೆ. ಒಂದು ಪಾಲು ಎರೆ, ಒಂದು ಪಾಲು ಕೆಂಪುಮಣ್ಣು, ಒಂದು ಪಾಲು ಮರಳು, ಒಂದು ಪಾಲು ಹಳೇ ಸಗಣಿ ಗೊಬ್ಬರ. ಮಧ್ಯಾಹ್ನದ ಬಿಸಿಲು ತಾಗದ ಕಡೆ ಇಟ್ಟೆ. ಮಾರ್ಚ್ ಹೊತ್ತಿಗೆ ಚಿಗುರಿತು.

ಎಲೆಯಲ್ಲಿರುವ ಜಿಮ್ನೆಮಿಕ್ ಆಮ್ಲಗಳು ನಾಲಿಗೆಯ ಸಿಹಿ ಗುರುತಿಸುವ ಜಾಗಕ್ಕೆ ಹೋಗಿ ಕೂರುತ್ತವೆ. ಅರ್ಧ ಗಂಟೆ ಹೊತ್ತು ಸಿಹಿ ಒಳಗೆ ಬರುವುದಿಲ್ಲ. ಉಳಿದ ರುಚಿಗಳು ಹಾಗೇ ಇರುತ್ತವೆ. ಮಕ್ಕಳ ತಾಯಂದಿರನ್ನು ಕೇಳಿ, ಒಪ್ಪಿದ ಮೇಲೆ, ಉಗುರಿನಷ್ಟು ತುಂಡು ಕೊಟ್ಟೆ. ಅಗಿದು, ನಾಲಿಗೆ ಮೇಲೆಲ್ಲ ಆಡಿಸಿ, ಉಗುಳಿ, ಬಾಯಿ ಮುಕ್ಕಳಿಸಬೇಕು. ನುಂಗುವುದು ಬೇಡ. ಅವ್ವನಿಗೆ ಸಕ್ಕರೆ ಕಾಯಿಲೆ ಇದೆ, ಮಾತ್ರೆ ತಗೊಳ್ಳುತ್ತಾಳೆ. ಈ ಎಲೆ ರಕ್ತದ ಸಕ್ಕರೆಯನ್ನೂ ಇಳಿಸಬಲ್ಲದು, ಹಾಗಾಗಿ ಅವಳಿಗೆ ಕೊಡಲಿಲ್ಲ. ಅವಳ ಕೆಲಸ ಶೇಂಗಾ ಹೋಳಿಗೆ ಮಾಡುವುದು.

ಮೊದಲು ಚಿಟಿಕೆ ಸಕ್ಕರೆ ಕೊಟ್ಟೆ. "ಮಳಲು!" ಅಂದರು ಎಲ್ಲರೂ. ಆಮೇಲೆ ಹೋಳಿಗೆ. ಬಿಸಿ ಇತ್ತು, ತುಪ್ಪ ಸವರಿತ್ತು. ಸಣ್ಣ ಹುಡುಗ ಕಚ್ಚಿದ, ಅಗಿಯುವುದನ್ನೇ ನಿಲ್ಲಿಸಿದ. ಅವನ ಮುಖದಲ್ಲಿ ಮೊದಲು ಬಂದದ್ದು ಗಾಬರಿ. ನಂತರ ಮತ್ತೆ ನಿಧಾನಕ್ಕೆ ಅಗಿದ. "ಅಜ್ಜಿ, ಇದರಾಗ ಯಾಲಕ್ಕಿ ಐತಿ! ಎಳ್ಳೂ ಐತಿ!" ಅಂದ. ಬೆಲ್ಲ ಮುಚ್ಚಿಟ್ಟಿದ್ದ ರುಚಿಗಳೆಲ್ಲ ಹೊರಗೆ ಬಂದಿದ್ದವು. ಅವ್ವ ಅವನ ತಲೆ ಸವರಿ, "ನೀ ಒಬ್ಬ ತಿಳಕೊಂಡಿ ನೋಡಪಾ" ಅಂದಳು.

ಕತೆಯಲ್ಲಿ ಸಿಹಿಗಳ್ಳಿ ಕದ್ದ ಸಿಹಿ ಎಲ್ಲಿಗೆ ಹೋಗುತ್ತದೆ? ಅದೇ ಸೂರಿನ ಕೆಳಗೆ ಕಾಯಿಲೆಯಾಗಿ ಮಲಗಿದವರ ಬಾಯಿಗೆ. ಹಾಗಾಗಿ ಒಲೆನಾಡಿನ ಮಕ್ಕಳು ಹಬ್ಬದ ದಿನ ತಾವಾಗೇ ಎಲೆ ಅಗಿಯುತ್ತಾರೆ.

ಉಳಿದವು

ಮಿಂಚುಕಾಳು ಅಂದರೆ ಜುಮ್ಮನಕಾಯಿ. ಬೆಳಗಾವಿಯ ರವಿವಾರ ಪೇಟೆಯಲ್ಲಿ ತಿರಫಳ ಅಂತ ಕೇಳಿದರೆ ಕೊಡುತ್ತಾರೆ, ಗೋವಾ ಕಡೆ ಬಂಗಡೆ ಸಾರಿಗೆ ಹಾಕುತ್ತಾರೆ. ಒಳಗಿನ ಕಪ್ಪು ಬೀಜ ತೆಗೆದುಹಾಕಿ ಸಿಪ್ಪೆ ಮಾತ್ರ ಬಳಸಬೇಕು. ಒಂದು ಚೂರು ನಾಲಿಗೆ ಮೇಲಿಟ್ಟರೆ ತುಟಿವರೆಗೂ ಜುಮ್ ಅನ್ನುತ್ತದೆ. ಇದರದೇ ಕುಲದ ಚೀನಾದ ಸಿಚುವಾನ್ ಮೆಣಸಿನ ಮೇಲೆ ಲಂಡನ್ನಿನಲ್ಲಿ ಪರೀಕ್ಷೆ ಮಾಡಿ 2013ರಲ್ಲಿ ಬರೆದಿದ್ದಾರೆ. ತುಟಿಗಾಗುವ ಆ ಜುಮ್ಮು ಸೆಕೆಂಡಿಗೆ ಸುಮಾರು 50 ಸಲ ನಡುಗಿದ ಹಾಗಿರುತ್ತದಂತೆ. ನಮ್ಮ ಮನೆ ಕರೆಂಟಿನದೂ ಅದೇ 50. ಮಿಂಚುಕಾಳು ಅನ್ನುವ ಹೆಸರನ್ನು ನಾನು ಇದನ್ನು ಓದುವ ಮೊದಲೇ ಇಟ್ಟಿದ್ದೆ. ಓದಿದ ದಿನ ಮೈ ಜುಮ್ಮೆಂದಿತು.

ಗುಮ್ಮಟಸೊಪ್ಪು ಮಕ್ಕಳ ಕಲ್ಪನೆ, ಗೋಳಗುಮ್ಮಟ ನೋಡಿ ಬಂದ ಸಂಜೆ ಹುಟ್ಟಿದ್ದು. ಅಲ್ಲಿ ಪಿಸುಗುಟ್ಟಿದ್ದು ಸುತ್ತಿ ಬಂದು ಇನ್ನೊಂದು ಗೋಡೆಯಲ್ಲಿ ಕೇಳುತ್ತದಲ್ಲ, ಹಾಗೆ ಈ ಸೊಪ್ಪು ತಿಂದವರಿಗೆ ಆ ಒಲೆಯ ಮುಂದೆ ಹಿಂದೊಮ್ಮೆ ಆಡಿದ ಮಾತುಗಳು ಕೇಳುತ್ತವೆ. ಇದಕ್ಕೆ ಕಲ್ಲುಹೂವು ಬಳಸಿದೆ. ಮಸಾಲೆ ಖಾರಕ್ಕೆ ಹಾಕುವ ಅದೇ ದಗಡಫೂಲ. ಅದು ಹೂವೂ ಅಲ್ಲ, ಸೊಪ್ಪೂ ಅಲ್ಲ. ಪಾಚಿ ಮತ್ತು ಶಿಲೀಂಧ್ರ ಎರಡೂ ಕೂಡಿ ಒಂದೇ ಜೀವದ ಹಾಗೆ ಬಾಳುವ ಕಲ್ಲುಪಾಚಿ. ಒಣಗಿದ್ದನ್ನು ಮೂಸಿದರೆ ಮಣ್ಣಿನ ವಾಸನೆ ಅಷ್ಟೇ. ಬಿಸಿ ಎಣ್ಣೆಗೆ ಹಾಕಿ, ಮನೆಯೆಲ್ಲ ತಿರುಗಿ ನೋಡುತ್ತದೆ. ಎಣ್ಣೆಗೆ ಏಳುವ ಸೊಪ್ಪಿಗೆ ಇದಕ್ಕಿಂತ ಒಳ್ಳೆಯ ಸಾಕ್ಷಿ ಬೇಡ.

ನಾಚಿಗಡ್ಡೆ ಅರಿಶಿನ. ಸುಣ್ಣ ತಾಗಿದರೆ ಕೆಂಪಾಗುವುದು ಆರತಿ ತಟ್ಟೆ ನೋಡಿದ ಎಲ್ಲರಿಗೂ ಗೊತ್ತು. ಇದನ್ನು ತಿನ್ನಿಸಲಿಲ್ಲ, ಚೀಟಿಗಳಿಗೆ ಬಳಸಿದೆ. ಅಡುಗೆ ಸೋಡಾವನ್ನು ನೀರಲ್ಲಿ ಕರಗಿಸಿ, ಕಡ್ಡಿಯಿಂದ ಬಿಳಿ ಹಾಳೆ ಮೇಲೆ ಬರೆದು ಒಣಗಿಸಿದರೆ ಏನೂ ಕಾಣುವುದಿಲ್ಲ. ಮೇಲೆ ಅರಿಶಿನದ ನೀರು ಸವರಿದರೆ ಅಕ್ಷರ ಕೆಂಪಗೆ ಏಳಬೇಕು. ಮೊದಲ ಸಲ ಮಸುಕು ಮಸುಕಾಗಿ ಬಂತು. ಅರಿಶಿನದ ಬಣ್ಣ ನೀರಲ್ಲಿ ಸರಿಯಾಗಿ ಕರಗುವುದೇ ಇಲ್ಲ, ಸ್ಪಿರಿಟ್‌ನಲ್ಲಿ ಕರಗುತ್ತದೆ. ನೀರಿನ ಹಾಗಿರುವ ಸ್ಯಾನಿಟೈಜರಿಗೆ ಅರ್ಧ ಚಮಚ ಅರಿಶಿನ ಕಲಸಿ, ತಿಳಿ ಬಸಿದು, ಒಲೆಯಿಂದ ದೂರ ಕೂತು ಹತ್ತಿಯಿಂದ ಸವರಿದೆ. ಅಕ್ಷರ ಇಟ್ಟಿಗೆ ಬಣ್ಣದಲ್ಲಿ ಎದ್ದು ನಿಂತವು.

ಚೀಟಿ ಬರೆಯುವಾಗ ಒಂದು ನೆನಪು ನನ್ನ ಜೊತೆ ಇತ್ತು. ಇದೇ ಊರಿನಲ್ಲಿ, ಒಂದನೇ ಅಲಿ ಆದಿಲ್‌ಶಾಹನ ಕಾಲದಲ್ಲಿ, 1570ರಲ್ಲಿ ನುಜೂಮ್ ಅಲ್-ಉಲೂಮ್ ಅನ್ನುವ ಹಸ್ತಪ್ರತಿ ತಯಾರಾಯಿತು. ಗ್ರಹ, ನಕ್ಷತ್ರ, ಮಂತ್ರತಂತ್ರ ಎಲ್ಲವನ್ನೂ ಚಿತ್ರ ಸಮೇತ ಜೋಡಿಸಿಟ್ಟ ಪುಸ್ತಕ. ಅದು ಈಗ ಡಬ್ಲಿನ್ನಿನ ಚೆಸ್ಟರ್ ಬೀಟಿ ಸಂಗ್ರಹದಲ್ಲಿದೆ. ಮಾಯೆಯನ್ನು ಖಾನೆ ಖಾನೆಯಾಗಿ ಜೋಡಿಸುವ ಕೆಲಸ ಈ ಊರಿಗೆ ಹೊಸದಲ್ಲ ಅಂತ ಮಕ್ಕಳಿಗೂ ಹೇಳಿದೆ.

ಈಗ ಪೆಟ್ಟಿಗೆ ಹೀಗಿದೆ. ಆರು ಖಾನೆ ತುಂಬಿವೆ. ಏಳನೆಯದರಲ್ಲಿ ಕಾಮಕಸ್ತೂರಿ ಬೀಜ, ನೀರು ಕಂಡರೆ ಲೋಳೆ ಕಟ್ಟಿ ಕಣ್ಣು ಬಿಡುತ್ತದೆ. ಅದರ ಕತೆ ಇನ್ನೂ ಆಗಿಲ್ಲ. ಇಬ್ಬನಿಹುಳಿ ಎರಡು ಬೆರಳಷ್ಟು ಉಳಿದಿದೆ, ಮುಂದಿನ ಎಳ್ಳಮಾವಾಸ್ಯೆವರೆಗೆ ಅಷ್ಟೇ. ಒಂದು ಬಿಜಾಗರಿಯ ಸ್ಕ್ರೂ ಸಡಿಲಾಗಿದೆ, ತೂತಿಗೆ ಬೆಂಕಿಕಡ್ಡಿ ತುಂಬಿ ಮತ್ತೆ ಬಿಗಿಯಬೇಕು.

ಹೋದ ಭಾನುವಾರ ಹನ್ನೆರಡನೇ ಖಾನೆಯಲ್ಲಿ ಒಂದು ಖಾಲಿ ಬಿಳಿ ಚೀಟಿ ಇತ್ತು. ನಾನಿಟ್ಟದ್ದಲ್ಲ. ಹತ್ತಿಯಿಂದ ಅರಿಶಿನ ಸವರಿದೆ. 'ಹಕ್ಕರಕಿ' ಅಂತ ಎದ್ದಿತು, ಅಣ್ಣನ ಮಗಳ ಕೈಬರಹ. ರೊಟ್ಟಿ ಜೊತೆ ಹಸಿದೇ ತಿನ್ನುವ ಹೊಲದ ಸೊಪ್ಪು ಅದು.

"ಇದನ್ನ ಏನು ಹಾಕಿ ಎಬ್ಬಸೂದು ಕಾಕಾ?"

ಸಂತೆಯಿಂದ ಒಂದು ಸೂಡು ತಂದಿದ್ದೇನೆ. ಹುಳಿ ಹಾಕಿ ನೋಡಿದೆ, ಸೋಡಾ ಹಾಕಿ ನೋಡಿದೆ, ಬಿಸಿ ಎಣ್ಣೆಗೂ ಹಾಕಿದೆ. ಇನ್ನೂ ಎದ್ದಿಲ್ಲ. ನಾಳೆ ಉಪ್ಪು ಮತ್ತು ಗುರೆಳ್ಳು ಚಟ್ನಿಪುಡಿಯ ಸರದಿ.